ಕೋರಿಡೋರಾಸ್: ಹೊಸ ಹೆಸರು, ಸವೆದ ಮೀಸೆ

ಪ್ರಶ್ನೆ: ನನ್ನ ಟ್ಯಾಂಕಿನಲ್ಲಿ ಪಾಂಡಾ ಕೋರಿ, ಕಂಚು ಬಣ್ಣದ ಕೋರಿ, ಪಿಗ್ಮಿ ಕೋರಿ ಮೂರೂ ಇವೆ. ಎಲ್ಲವೂ ಕೋರಿಡೋರಾಸ್ ಎಂಬ ಒಂದೇ ಕುಲದ ಮೀನು ಅಂತಲೇ ತಿಳಿದಿದ್ದೆ. ಈಗ ನೋಡಿದರೆ ಮೂರಕ್ಕೂ ಬೇರೆ ಬೇರೆ ಕುಲದ ಹೆಸರು! ಯಾವುದನ್ನು ನಂಬಲಿ? ಸಾಕುವ ರೀತಿಯೂ ಬದಲಾಗಬೇಕಾ?

ಉತ್ತರ: ಹೊಸ ಹೆಸರನ್ನೇ ನಂಬಿ. 1803ರಲ್ಲಿ ಫ್ರಾನ್ಸಿನ ಪ್ರಕೃತಿ ವಿಜ್ಞಾನಿ ಲಾಸೆಪೆಡ್ ಈ ಕುಲಕ್ಕೆ (ಹತ್ತಿರದ ನೆಂಟ ಪ್ರಭೇದಗಳ ಗುಂಪಿಗೆ) ಕೋರಿಡೋರಾಸ್ ಅಂತ ಹೆಸರಿಟ್ಟರು. ಆಮೇಲೆ ದಕ್ಷಿಣ ಅಮೆರಿಕದ ಹೊಳೆ ತೊರೆಗಳಲ್ಲಿ ಸಿಕ್ಕ, ಮೈಯ ಎರಡೂ ಬದಿಗೆ ಎರಡೆರಡು ಸಾಲು ಗಟ್ಟಿ ಫಲಕ ಇರುವ ಪುಟ್ಟ ಕ್ಯಾಟ್‌ಫಿಷ್‌ಗಳಲ್ಲಿ ಹೆಚ್ಚಿನವನ್ನು ಇದೇ ಹೆಸರಿನಡಿ ಸೇರಿಸುತ್ತಾ ಹೋದರು, ಕೊನೆಗೆ 170ಕ್ಕೂ ಜಾಸ್ತಿ ಪ್ರಭೇದಗಳಾದವು. ಅಷ್ಟೂ ಹತ್ತಿರದ ನೆಂಟರಲ್ಲ ಅನ್ನುವ ಅನುಮಾನ ಮೊದಲಿಂದಲೂ ಇತ್ತು. 2024ರಲ್ಲಿ ಬಂದ ದೊಡ್ಡ ಅಧ್ಯಯನ ಈ ಗುಂಪನ್ನು ಒಡೆಯಿತು. ಬ್ರೋಕಿಸ್, ಗ್ಯಾಸ್ಟ್ರೋಡರ್ಮಸ್, ಹಾಪ್ಲಿಸೋಮಾ, ಓಸ್ಟಿಯೋಗ್ಯಾಸ್ಟರ್ ಎಂಬ ಹತ್ತೊಂಬತ್ತನೇ ಶತಮಾನದ ಹಳೇ ಹೆಸರುಗಳೇ ಮತ್ತೆ ಬಳಕೆಗೆ ಬಂದವು. ನಿಮ್ಮ ಪಾಂಡಾ ಈಗ ಹಾಪ್ಲಿಸೋಮಾ, ಕಂಚಿನದು ಓಸ್ಟಿಯೋಗ್ಯಾಸ್ಟರ್, ಪಿಗ್ಮಿ ಗ್ಯಾಸ್ಟ್ರೋಡರ್ಮಸ್. ಕೋರಿಡೋರಾಸ್ ಅನ್ನುವ ಹೆಸರು ಮುಖ್ಯವಾಗಿ ಉದ್ದ ಮೂತಿಯವಕ್ಕೆ ಉಳಿದಿದೆ. ಮಾತಿನಲ್ಲಿ ಎಲ್ಲವನ್ನೂ ಕೋರಿ ಅಂತ ಕರೆದರೆ ಏನೂ ತಪ್ಪಿಲ್ಲ.

ಇದರಲ್ಲಿ ನನಗೆ ತುಂಬಾ ಇಷ್ಟವಾದ ಸಂಗತಿ ಒಂದಿದೆ. ಒಂದೇ ಹೊಳೆಯಲ್ಲಿ ಒಟ್ಟಿಗೆ ಬದುಕುವ ಎರಡು ಮೂರು ಪ್ರಭೇದಗಳು ಮೈಮೇಲೆ ಒಂದೇ ಥರದ ಚುಕ್ಕಿ, ಪಟ್ಟೆ ಹೊತ್ತಿರುತ್ತವೆ, ಆದರೆ ಮೂತಿ ನೋಡಿದರೆ ಒಂದರದ್ದು ಮೋಟು, ಇನ್ನೊಂದರದ್ದು ಉದ್ದ. ಅವು ದೂರದ ನೆಂಟರು. ಇವುಗಳ ಈಜುರೆಕ್ಕೆಯಲ್ಲಿ ಮುಳ್ಳಿದೆ, ಸ್ವಲ್ಪ ವಿಷವೂ ಇದೆ. ಎಲ್ಲರೂ ಒಂದೇ ವೇಷ ಹಾಕಿದರೆ, ಒಮ್ಮೆ ಚುಚ್ಚಿಸಿಕೊಂಡ ಬೇಟೆಗಾರ ಮೀನು ಅಷ್ಟನ್ನೂ ಬಿಟ್ಟು ದೂರ ಹೋಗುತ್ತದೆ. ಮೂತಿ ಬೇರೆ ಇರುವುದರಿಂದ ತಿನ್ನುವ ವಿಷಯದಲ್ಲಿ ಪೈಪೋಟಿಯೂ ಕಡಿಮೆ. ಬಣ್ಣ ನೋಡಿ ಗುರುತಿಸಲು ಹೊರಟವರು ಮೋಸ ಹೋಗುವುದು ಇಲ್ಲೇ.

ಹೆಸರು ಬದಲಾಯಿತು ಅಂತ ಆರೈಕೆ ಬದಲಾಯಿಸಬೇಕಿಲ್ಲ. ಪ್ರಭೇದ ಯಾವುದು ಅಂತ ಮಾತ್ರ ಗೊತ್ತಿರಲಿ. ಪಾಂಡಾಕ್ಕೆ 22ರಿಂದ 25 ಡಿಗ್ರಿ ಸೆಲ್ಸಿಯಸ್‌ನ ತಂಪು ನೀರು ಹಿತ, ಅದೇ ಸ್ಟರ್ಬೈ ಎಂಬ ಇನ್ನೊಂದು ಕೋರಿ 28 ಡಿಗ್ರಿಯಲ್ಲೂ ಆರಾಮಾಗಿರುತ್ತದೆ. ಇವೆರಡೂ ಹಾಪ್ಲಿಸೋಮಾ ಕುಲದವೇ, ನೋಡಿ! ಇನ್ನೊಂದು ಮಾತು, ಮೂರು ಬಗೆಯನ್ನು ಎರಡೆರಡರಂತೆ ಇಟ್ಟಿದ್ದರೆ ಅದು ಸಾಲದು. ಒಂದೊಂದು ಬಗೆಯಲ್ಲೂ ಕನಿಷ್ಠ ಆರು ಮೀನು ಇರಲಿ. ಪಿಗ್ಮಿ ಹತ್ತಕ್ಕಿಂತ ಕಡಿಮೆ ಇದ್ದರೆ ಹೆದರಿ ಮೂಲೆ ಸೇರುತ್ತದೆ.

ಪ್ರಶ್ನೆ: ತಳದಲ್ಲಿ ಕೂರುವ ಕಸ ತಿಂದು ಸ್ವಚ್ಛ ಮಾಡುತ್ತವೆ ಅಂತ ಕೋರಿ ತಂದೆ. ಟ್ಯಾಂಕಿಗೆ ಬಣ್ಣದ ಜಲ್ಲಿ ಹಾಕಿದ್ದೇನೆ. ಈಗ ಅವುಗಳ ಮೀಸೆ ಸವೆದು ಮೊಂಡಾಗಿದೆ. ಮತ್ತೆ ಬೆಳೆಯುತ್ತದಾ?

ಉತ್ತರ: ಬೇರಿನ ತನಕ ಕೊಳೆತಿಲ್ಲದಿದ್ದರೆ ಬೆಳೆಯಬಹುದು. ಆದರೆ ಇವತ್ತೇ ಕೆಲಸ ಶುರು ಮಾಡಿ.

ಈ ಮೀನು ಕಸ ತಿಂದು ಬದುಕುವುದಿಲ್ಲ. ಉಳಿದ ಮೀನುಗಳ ಹಿಕ್ಕೆ ತಿನ್ನುವುದಿಲ್ಲ, ಪಾಚಿಯನ್ನೂ ಅಷ್ಟಾಗಿ ಮುಟ್ಟುವುದಿಲ್ಲ. ಹೊಳೆಯಲ್ಲಿ ಹುಳ, ಮರಿಹುಳ, ಸಣ್ಣ ಸೀಗಡಿಯಂಥವನ್ನು ಹುಡುಕಿ ತಿನ್ನುವ ಜೀವ ಇದು. ನುಣುಪು ಮರಳಿರುವ ಟ್ಯಾಂಕಿನ ಮುಂದೆ ಸ್ವಲ್ಪ ಹೊತ್ತು ಕೂತು ನೋಡಿ. ಮೀಸೆ ಆಡಿಸುತ್ತಾ ಬರುತ್ತದೆ, ಎಲ್ಲೋ ವಾಸನೆ ಸಿಕ್ಕಿದ ತಕ್ಷಣ ಕಣ್ಣಿನ ತನಕ ಮೂತಿ ಹುದುಗಿಸುತ್ತದೆ, ಬಾಯಿ ತುಂಬಾ ಮರಳು ಎಳೆದುಕೊಳ್ಳುತ್ತದೆ, ಮರುಕ್ಷಣ ಎರಡೂ ಕಿವಿರುಗಳಿಂದ ಮರಳು ಪುಡಿಪುಡಿಯಾಗಿ ಹೊರಗೆ ಬೀಳುತ್ತದೆ, ತಿನ್ನುವ ಚೂರು ಮಾತ್ರ ಒಳಗುಳಿಯುತ್ತದೆ. ದಪ್ಪ ಜಲ್ಲಿಯಲ್ಲಿ ಇದು ಸಾಧ್ಯವೇ ಇಲ್ಲ, ಅಲ್ವಾ? ಪಾಪ, ಹಸಿದು ಕಲ್ಲಿಗೆ ಮೂತಿ ಉಜ್ಜುತ್ತಲೇ ಇರುತ್ತದೆ.

ಹಾಗಂತ ತಪ್ಪೆಲ್ಲ ಜಲ್ಲಿಯದ್ದೇ ಅನ್ನಲಾಗದು. ಕಲ್ಲಿನ ಸಂದಿಯಲ್ಲಿ ಉಳಿದ ತಿಂಡಿ ಕೊಳೆಯುತ್ತದೆ, ಅಲ್ಲಿ ಬ್ಯಾಕ್ಟೀರಿಯಾ ಹೆಚ್ಚುತ್ತದೆ, ಮೀಸೆಗೆ ಆದ ಸಣ್ಣ ಗಾಯ ಅದರಿಂದಲೇ ಹುಣ್ಣಾಗುತ್ತದೆ. ಕೊಳಕು ಹಾಗೇ ಬಿಟ್ಟರೆ ಮರಳಿನಲ್ಲೂ ಮೀಸೆ ಹೋಗುತ್ತದೆ. ಹಾಗಾಗಿ ಜಲ್ಲಿ ತೆಗೆದು, ಚೂಪು ಅಂಚಿಲ್ಲದ ನುಣ್ಣನೆ ಮರಳನ್ನು ಚೆನ್ನಾಗಿ ತೊಳೆದು ಹಾಕಿ. ವಾರಕ್ಕೊಮ್ಮೆ ಕಾಲು ಭಾಗ ನೀರು ಬದಲಿಸಿ, ತಳದ ಕೊಳೆಯನ್ನೂ ಕೊಳವೆಯಿಂದ ಎಳೆದು ತೆಗೆಯಿರಿ. ಹಿಕ್ಕೆ, ಕೊಳೆತ ತಿಂಡಿಯಿಂದ ನೀರಿಗೆ ಸೇರುವ ವಿಷಗಳಾದ ಅಮೋನಿಯಾ, ನೈಟ್ರೈಟ್ ಎರಡೂ ಸೊನ್ನೆ ಇರಬೇಕು. ಮುಳುಗುವ ತಿಂಡಿಯನ್ನು ರಾತ್ರಿ ದೀಪ ಆರಿಸಿದ ಮೇಲೆ ಅವಕ್ಕೆ ಅಂತಲೇ ಹಾಕಿ, ಇಲ್ಲದಿದ್ದರೆ ಮೇಲಿನ ಮೀನುಗಳು ಒಂದು ಚೂರೂ ಬಿಡುವುದಿಲ್ಲ. ಔಷಧಿ ಹಾಕುವ ಪ್ರಸಂಗ ಬಂದರೆ ತಾಮ್ರ ಇರುವಂಥದ್ದು ಬೇಡ.

ಮೀನು ಹಿಡಿಯುವಾಗ ಬಲೆಯ ಬದಲು ಡಬ್ಬಿ ಬಳಸಿ. ಹೆದರಿದ ಕೋರಿ ಮುಳ್ಳುಗಳನ್ನು ಬಿಗಿಯಾಗಿ ಸೆಟೆದು ನಿಲ್ಲಿಸುತ್ತದೆ, ಬಲೆಗೆ ಸಿಕ್ಕಿಕೊಂಡರೆ ಬಿಡಿಸುವಷ್ಟರಲ್ಲಿ ಗಾಯ ಆಗುತ್ತದೆ.

ಪ್ರಶ್ನೆ: ಕೋರಿ ಆಗಾಗ ರಪ್ಪನೆ ಮೇಲೆ ಹೋಗಿ ಗಾಳಿ ಗುಟುಕರಿಸಿ ವಾಪಸ್ ಬರುತ್ತದೆ. ಉಸಿರು ಕಟ್ಟುತ್ತಿದೆಯಾ?

ಉತ್ತರ: ಆಗೊಮ್ಮೆ ಈಗೊಮ್ಮೆ ಆದರೆ ಸಹಜ. ನುಂಗಿದ ಗಾಳಿಯಿಂದ ಕರುಳಿನ ಹಿಂಭಾಗವೇ ಆಮ್ಲಜನಕ ಹೀರಿಕೊಳ್ಳುತ್ತದೆ. ನೀರು ತೀರಾ ಮುಚ್ಚಳದ ತನಕ ತುಂಬಿಸಬೇಡಿ, ನಡುವೆ ಗಾಳಿಗೆ ಜಾಗ ಇರಲಿ. ನಿಮಿಷ ನಿಮಿಷಕ್ಕೂ ಎಲ್ಲವೂ ಮೇಲೇರುತ್ತಿದ್ದರೆ ಮಾತ್ರ ಸುಮ್ನೆ ಕೂರಬೇಡಿ, ನೀರು ಪರೀಕ್ಷೆ ಮಾಡಿ, ಫಿಲ್ಟರ್ ನೋಡಿ.

ಪ್ರಶ್ನೆ: ನೀರು ಬದಲಿಸಿದ ಮರುದಿನ ಕಂಚಿನ ಕೋರಿಗಳು ಗಾಜಿಗೆ ಮೊಟ್ಟೆ ಅಂಟಿಸಿವೆ. ಹೆಣ್ಣು ಗಂಡಿನ ಹೊಟ್ಟೆಗೆ ಬಾಯಿ ಒತ್ತಿ ನಿಂತಿದ್ದನ್ನೂ ನೋಡಿದೆ. ಏನದು?

ಉತ್ತರ: ನೀವು ನೋಡಿದ್ದು ಮಿಲನ. ಈ ಪ್ರಭೇದದಲ್ಲಿ ಹೆಣ್ಣು ಗಂಡಿನ ವೀರ್ಯವನ್ನು ಕುಡಿಯುತ್ತದೆ. ಅದು ಕರುಳಿನಲ್ಲಿ ಬೇಗ ಸಾಗಿ ಹೊರಬಂದು, ಕೆಳಗಿನ ಈಜುರೆಕ್ಕೆಗಳ ಬೊಗಸೆಯಲ್ಲಿ ಹಿಡಿದ ಮೊಟ್ಟೆಗಳನ್ನು ಸೇರುತ್ತದೆ. ಜಪಾನಿನ ಸಂಶೋಧಕರು 1995ರಲ್ಲಿ ಇದನ್ನು ಪ್ರಕಟಿಸಿದರು. ಹೊಸ ನೀರು ತುಸು ತಂಪಾಗಿದ್ದಿರಬೇಕು, ಮಳೆ ಬಂತು ಅಂದುಕೊಂಡು ಮೊಟ್ಟೆ ಇಡುವುದುಂಟು. ತಂದೆತಾಯಿಯೇ ತಿಂದುಬಿಡುತ್ತವೆ, ಹಾಗಾಗಿ ಮೊಟ್ಟೆಯನ್ನು ಬೆರಳಿನಿಂದ ಮೆಲ್ಲಗೆ ಉರುಳಿಸಿ ಬಿಡಿಸಿ, ಅದೇ ಟ್ಯಾಂಕಿನ ನೀರಿರುವ ಬೇರೆ ಪಾತ್ರೆಯಲ್ಲಿ ಗಾಳಿಗುಳ್ಳೆ ಬಿಟ್ಟು ಇಡಿ. ಬೆಳ್ಳಗಾಗಿ ಬೂಸ್ಟು ಹಿಡಿದವನ್ನು ಕೂಡಲೇ ತೆಗೆಯಿರಿ. ಸುಮಾರು ಮೂರರಿಂದ ಐದು ದಿನಕ್ಕೆ ಒಡೆಯುತ್ತವೆ. ಹೊಟ್ಟೆಯ ಹಳದಿ ಚೀಲ ಕರಗುವ ತನಕ ಮರಿಗೆ ತಿಂಡಿ ಬೇಡ, ಆಮೇಲೆ ಆಗಷ್ಟೇ ಮೊಟ್ಟೆಯೊಡೆದ ಆರ್ಟೀಮಿಯಾ (ಪುಟ್ಟ ಸೀಗಡಿಯಂಥ ಜೀವಿ) ಮರಿಗಳನ್ನು ಕೊಡಿ.