1859ರ ಸಿದ್ಧಾಂತ ಇವತ್ತು ಯಾಕೆ ಬೇಕು? ಮುಂಬೈನ ಟಿಬಿ ಲ್ಯಾಬಿನಿಂದ ಒಂದು ಉತ್ತರ

ನೀವು ಕೇಳಿದ್ದು ಇಷ್ಟು: ಮಗಳು ಪುಣೆಯಲ್ಲಿ ಸಿಬಿಎಸ್‌ಇ 10ನೇ ತರಗತಿ ಓದುತ್ತಿದ್ದಾಳೆ, ಅವಳ ವಿಜ್ಞಾನ ಪುಸ್ತಕದಲ್ಲಿ ವಿಕಾಸವಾದದ ಪಾಠವೇ ಇಲ್ಲ. ಡಾರ್ವಿನ್ 1859ರಲ್ಲಿ ಹೇಳಿದ ಹಳೇ ಸಿದ್ಧಾಂತ, ಬರೀ ಥಿಯರಿ, ಅದು ಹೋದರೆ ನಷ್ಟ ಏನು? ನಿಮ್ಮ ಮಾವ ಹೇಳುವ ಹಾಗೆ ಅದೆಲ್ಲ ನಮ್ಮ ದಶಾವತಾರದಲ್ಲೇ ಇದೆಯಲ್ಲ?

ನಷ್ಟ ಇದೆ. ಅದೂ ದೊಡ್ಡ ನಷ್ಟ. ಯಾಕೆ ಎಂದು ನನ್ನ ಕೆಲಸದಿಂದಲೇ ಹೇಳುತ್ತೇನೆ.

ನನ್ನ ಊರು ಕುಂದಾಪುರದ ಕಡೆ. ಮುಂಬೈಯಲ್ಲಿ ಪರೇಲ್ ಹತ್ತಿರದ ಒಂದು ಲ್ಯಾಬಿನಲ್ಲಿ ಟೆಕ್ನೀಷಿಯನ್ ಆಗಿದ್ದೇನೆ. ಟಿಬಿ ಕಲ್ಚರ್ ಮಾಡುವುದು, ಅಂದರೆ ರೋಗಾಣುವನ್ನು ಬೆಳೆಸಿ ನೋಡುವುದು ನನ್ನ ಕೆಲಸ. ಹಳೆಯ ಪದ್ಧತಿಯಲ್ಲಿ ಟಿಬಿ ರೋಗಾಣುವನ್ನು ಬೆಳೆಸಲು ಕೋಳಿಮೊಟ್ಟೆ ಬೇಕು. ಮೊಟ್ಟೆ ಒಡೆದು, ಅದಕ್ಕೆ ಲವಣಗಳನ್ನೂ ಮ್ಯಾಲಕೈಟ್ ಗ್ರೀನ್ ಅನ್ನುವ ಬಣ್ಣವನ್ನೂ ಸೇರಿಸಿ, ಪುಟ್ಟ ಬಾಟಲಿಗಳಲ್ಲಿ ಓರೆಯಾಗಿ ಮಲಗಿಸಿ ಬಿಸಿ ಮಾಡಿದರೆ ಅದು ಗಟ್ಟಿಯಾಗುತ್ತದೆ. ಆ ತಿಳಿಹಸಿರು ಇಳಿಜಾರಿನ ಮೇಲೆ ರೋಗಿಯ ಕಫದಿಂದ ತೆಗೆದ ರೋಗಾಣುಗಳನ್ನು ಹಾಕಿ 37 ಡಿಗ್ರಿಯಲ್ಲಿ ಇಡುತ್ತೇವೆ. ವಾರಗಟ್ಟಲೆ ಕಾಯಬೇಕು. ಆಮೇಲೆ ಒರಟೊರಟಾದ, ಕೆನೆ ಬಣ್ಣದ, ಹೂಕೋಸಿನ ಚೂರಿನಂಥ ಕಾಲೊನಿಗಳು, ಅಂದರೆ ರೋಗಾಣುಗಳ ಗುಂಪುಗಳು ಏಳುತ್ತವೆ. ಈಗ ಲಿಕ್ವಿಡ್ ಕಲ್ಚರ್ ಬಂದಿದೆ, ಎರಡೇ ಗಂಟೆಯಲ್ಲಿ ಫಲಿತಾಂಶ ಕೊಡುವ ಸಿಬಿನ್ಯಾಟ್ ಯಂತ್ರ ಬಂದಿದೆ. ಆದರೆ ವಿಷಯ ಅರ್ಥ ಆಗಬೇಕಾದರೆ ಈ ಹಸಿರು ಬಾಟಲಿಯನ್ನೇ ನೋಡಬೇಕು.

ರೋಗಿಗೆ ಒಂದು ಔಷಧಿ ಹಿಡಿಯುತ್ತದೋ ಇಲ್ಲವೋ ಎಂದು ತಿಳಿಯಲು ಅದೇ ರೋಗಾಣುವನ್ನು ಎರಡು ಥರದ ಬಾಟಲಿಗೆ ಹಾಕುತ್ತೇವೆ. ಒಂದರಲ್ಲಿ ಔಷಧಿ ಇರುವುದಿಲ್ಲ, ಇನ್ನೊಂದರಲ್ಲಿ ಇರುತ್ತದೆ. ಆಮೇಲೆ ಎರಡರಲ್ಲೂ ಕಾಲೊನಿ ಎಣಿಸಬೇಕು. ಔಷಧಿ ಇಲ್ಲದ ಬಾಟಲಿಯಲ್ಲಿ ಎದ್ದದ್ದರ 1%ರಷ್ಟು ಔಷಧಿ ಇರುವ ಬಾಟಲಿಯಲ್ಲೂ ಎದ್ದರೆ ಸಾಕು, ರೆಸಿಸ್ಟೆಂಟ್, ಅಂದರೆ ಔಷಧಿಗೆ ಬಗ್ಗದ್ದು ಎಂದು ರಿಪೋರ್ಟ್ ಬರೆಯುತ್ತೇವೆ. ಅಂದರೆ 100ರಲ್ಲಿ 99 ಸತ್ತರೂ ರೆಸಿಸ್ಟೆಂಟ್! ಹೊಸದಾಗಿ ಕೆಲಸಕ್ಕೆ ಸೇರಿದ ಹುಡುಗರು ಇದನ್ನು ಕೇಳಿ ತಬ್ಬಿಬ್ಬಾಗುತ್ತಾರೆ. 99% ಸತ್ತರೆ ಔಷಧಿ ಚೆನ್ನಾಗಿಯೇ ಇದೆಯಲ್ಲ ಸರ್ ಅನ್ನುತ್ತಾರೆ. ಇಲ್ಲಪ್ಪಾ. ಆ 99 ಸತ್ತರೆ ಜಾಗ ಖಾಲಿಯಾಗುತ್ತದೆ. ಉಳಿದ ಒಂದರ ಸಂತಾನ ಆ ಜಾಗ ತುಂಬುತ್ತದೆ. ಆಮೇಲೆ ಆ ಶ್ವಾಸಕೋಶದಲ್ಲಿ ಇರುವುದೆಲ್ಲ ಅದೇ.

ಡಾರ್ವಿನ್ ಕೊಟ್ಟ ದೊಡ್ಡ ವಿಚಾರ ಇದೇ. ಮಂಗನಿಂದ ಮನುಷ್ಯ ಅನ್ನುವ ಮಾತು ಅದರ ಒಂದು ಸಣ್ಣ ತುಂಡು. ಅವರಿಗಿಂತ ಮೊದಲು ಒಂದು ಜಾತಿಯ ಜೀವಿ ಎಂದರೆ ಒಂದು ಅಚ್ಚು ಎಂದು ತಿಳಿಯುತ್ತಿದ್ದರು. ಜೀವಿ ಜೀವಿಗಳ ನಡುವಿನ ಚೂರುಪಾರು ವ್ಯತ್ಯಾಸ ಲೆಕ್ಕಕ್ಕೆ ಬರುತ್ತಿರಲಿಲ್ಲ. ಡಾರ್ವಿನ್ ಆ ವ್ಯತ್ಯಾಸವನ್ನೇ ಹಿಡಿದುಕೊಂಡರು. ಗುಂಪಿನಲ್ಲಿ ಎಲ್ಲರೂ ಒಂದೇ ಥರ ಇರುವುದಿಲ್ಲ. ಹುಟ್ಟಿದವರೆಲ್ಲ ಬದುಕಿ ಉಳಿಯುವುದಿಲ್ಲ. ಯಾರ ಗುಣ ಆ ಹೊತ್ತಿನ ಪರಿಸ್ಥಿತಿಗೆ ಒದಗಿ ಬರುತ್ತದೋ ಅವರ ಮಕ್ಕಳು ಜಾಸ್ತಿ ಆಗುತ್ತಾರೆ, ಆ ಗುಣವೂ ಜಾಸ್ತಿ ಆಗುತ್ತದೆ. ಇಷ್ಟೇ. ಇದಕ್ಕೆ ನಿಸರ್ಗದ ಆಯ್ಕೆ ಎಂದು ಹೆಸರಿಟ್ಟರು.

1831ರಿಂದ 1836ರವರೆಗೆ ಬೀಗಲ್ ಹಡಗಿನಲ್ಲಿ ಸುತ್ತಿ ಬಂದ ಮೇಲೆ 20 ವರ್ಷಕ್ಕೂ ಹೆಚ್ಚು ಕಾಲ ಅವರು ಈ ವಿಚಾರವನ್ನು ಪುಸ್ತಕವಾಗಿ ಹೊರಗೆ ತರಲಿಲ್ಲ. 1858ರಲ್ಲಿ ಈಗಿನ ಇಂಡೊನೇಷ್ಯಾದ ಕಡೆಯಿಂದ ಆಲ್ಫ್ರೆಡ್ ವಾಲೇಸ್ ಅನ್ನುವವರ ಬರಹ ಅಂಚೆಯಲ್ಲಿ ಬಂತು. ಓದಿದರೆ ಅದೇ ವಿಚಾರ! ಅದೇ ವರ್ಷ ಜುಲೈ 1ರಂದು ಲಂಡನ್ನಿನ ಲಿನ್ನಿಯನ್ ಸೊಸೈಟಿ ಅನ್ನುವ ವಿಜ್ಞಾನಿಗಳ ಸಂಘದಲ್ಲಿ ಇಬ್ಬರ ಬರಹವನ್ನೂ ಒಟ್ಟಿಗೆ ಓದಿದರು. ಮುಂದಿನ ವರ್ಷ ಡಾರ್ವಿನ್ನರ ಪುಸ್ತಕ ಬಂತು. ವಾಲೇಸ್ ಹೆಸರು ನಮ್ಮ ಪಾಠಗಳಲ್ಲಿ ಒಂದು ಸಾಲಿನಲ್ಲಿ ಮುಗಿದುಹೋಗುತ್ತದೆ. ಅದು ನನಗೆ ಬೇಜಾರು. ಬಡತನದಲ್ಲಿ ಬೆಳೆದು, ಪಕ್ಷಿ ಕೀಟ ಹಿಡಿದು ಮಾರಿ ಬದುಕಿಕೊಂಡು, ಕಾಡಿನಲ್ಲಿ ಜ್ವರ ಅನುಭವಿಸುತ್ತಾ ಅದೇ ಉತ್ತರಕ್ಕೆ ಬಂದ ಮನುಷ್ಯ ಅವರು.

ಇಲ್ಲಿ ಒಂದು ತಪ್ಪು ತಿಳಿವಳಿಕೆಯ ಬಗ್ಗೆ ಹೇಳಲೇಬೇಕು. ಓದಿದವರೂ ಇದನ್ನು ಹೇಳುತ್ತಾರೆ: ‘ಔಷಧಿ ಕೊಟ್ಟೂ ಕೊಟ್ಟೂ ರೋಗಾಣು ಅದಕ್ಕೆ ಒಗ್ಗಿಹೋಗುತ್ತದೆ.’ ಇದು ಡಾರ್ವಿನ್ ಹೇಳಿದ್ದಲ್ಲ, ಹೆಚ್ಚುಕಮ್ಮಿ ಫ್ರಾನ್ಸಿನ ವಿಜ್ಞಾನಿ ಲಾಮಾರ್ಕ್ 1809ರಲ್ಲಿ ಹೇಳಿದ್ದು. ಬಳಸಿ ಬಳಸಿ ಗಳಿಸಿದ ಗುಣ ಮಕ್ಕಳಿಗೆ ಹೋಗುತ್ತದೆ ಎಂದು. ಹಾಗಲ್ಲ ಎಂದು ಎಷ್ಟು ಚಂದ ತೋರಿಸಿದ್ದಾರೆ ನೋಡಿ. 1943ರಲ್ಲಿ ಲೂರಿಯಾ ಮತ್ತು ಡೆಲ್‌ಬ್ರುಕ್ ಅನ್ನುವ ವಿಜ್ಞಾನಿಗಳು ಲೆಕ್ಕದಿಂದ ತೋರಿಸಿದರು. 1952ರಲ್ಲಿ ಎಸ್ತರ್ ಮತ್ತು ಜೋಶುವಾ ಲೆಡರ್‌ಬರ್ಗ್ ಅನ್ನುವ ದಂಪತಿ ಒಂದು ತುಂಡು ಮಖಮಲ್ ಬಟ್ಟೆಯಿಂದ ತೋರಿಸಿದರು. ಒಂದು ತಟ್ಟೆಯಲ್ಲಿ ಬೆಳೆದ ಬ್ಯಾಕ್ಟೀರಿಯಾ ಕಾಲೊನಿಗಳ ಮೇಲೆ ಮಖಮಲ್ ಒತ್ತಿ, ಅದನ್ನೇ ಔಷಧಿ ಇರುವ ತಟ್ಟೆಯ ಮೇಲೆ ಒತ್ತಿದರು. ಯಾವ ಕಾಲೊನಿ ಎಲ್ಲಿತ್ತೋ ಅದೇ ನಕ್ಷೆ ಅಲ್ಲಿಗೂ ಇಳಿಯುತ್ತದೆ. ಔಷಧಿ ತಟ್ಟೆಯಲ್ಲಿ ಎಲ್ಲೋ ಒಂದೆರಡು ಕಡೆ ಮಾತ್ರ ಬೆಳವಣಿಗೆ. ಆಮೇಲೆ ಮೊದಲಿನ ತಟ್ಟೆಗೆ ಹೋಗಿ ಅದೇ ಜಾಗದಿಂದ ಬ್ಯಾಕ್ಟೀರಿಯಾ ತೆಗೆದರು. ಔಷಧಿಯ ಮುಖವನ್ನೇ ನೋಡದ ಆ ಬ್ಯಾಕ್ಟೀರಿಯಾಗಳಲ್ಲಿ ಔಷಧಿ ತಡೆಯುವ ಗುಣ ಆಗಲೇ ಇತ್ತು. ಔಷಧಿ ಗುಣವನ್ನು ಹುಟ್ಟಿಸಲಿಲ್ಲ, ಇದ್ದದ್ದನ್ನು ಆರಿಸಿತು. ಈ ಪ್ರಯೋಗವನ್ನು ಯಾರಿಗೆ ವಿವರಿಸಿದರೂ ನನಗೆ ಇವತ್ತಿಗೂ ಖುಷಿ.

ಸರಿ, ಇದರಿಂದ ರೋಗಿಗೆ ಏನಾಯಿತು? ಟಿಬಿಗೆ ಮೊದಲ ಒಳ್ಳೆಯ ಔಷಧಿ ಸ್ಟ್ರೆಪ್ಟೊಮೈಸಿನ್ ಸಿಕ್ಕಿದ್ದು 1943ರಲ್ಲಿ. 1948ರಲ್ಲಿ ಬ್ರಿಟನ್ನಿನಲ್ಲಿ ಅದರ ಪರೀಕ್ಷೆಯ ವರದಿ ಬಂತು. ಮೊದಲ ತಿಂಗಳುಗಳಲ್ಲಿ ರೋಗಿಗಳು ಚೇತರಿಸಿಕೊಂಡರು, ಎಲ್ಲರಿಗೂ ಸಂಭ್ರಮ. ಆಮೇಲೆ ಹಲವರಲ್ಲಿ ರೋಗ ಮತ್ತೆ ಮೇಲೆದ್ದಿತು, ಔಷಧಿ ಹಿಡಿಯಲಿಲ್ಲ. ಒಂದೇ ಔಷಧಿ ಕೊಟ್ಟದ್ದೇ ಅದಕ್ಕೆ ಕಾರಣ. ಎರಡು ಮೂರು ಔಷಧಿ ಒಟ್ಟಿಗೆ ಕೊಡಲು ಶುರು ಮಾಡಿದ ಮೇಲೆ ಜನ ನಿಜವಾಗಿ ಗುಣವಾದರು.

ಯಾಕೆ ಒಟ್ಟಿಗೆ? ಲೆಕ್ಕ ನೋಡಿ. ರಿಫಾಂಪಿಸಿನ್ ಔಷಧಿಯನ್ನು ತಡೆಯಬಲ್ಲ ರೋಗಾಣು ತಾನಾಗಿಯೇ ಹುಟ್ಟುವುದು ಸುಮಾರು 10 ಕೋಟಿಗೆ ಒಂದು. ಐಸೋನಿಯಾಜಿಡ್ ತಡೆಯುವಂಥದ್ದು ಸುಮಾರು 10 ಲಕ್ಷಕ್ಕೆ ಒಂದು. ಟಿಬಿಯಿಂದ ಶ್ವಾಸಕೋಶದಲ್ಲಿ ತೂತಾಗಿದ್ದರೆ ಆ ಒಂದು ತೂತಿನಲ್ಲೇ 10 ಕೋಟಿ ರೋಗಾಣು ಇರಬಹುದು. ಅಂದರೆ ಒಂದೊಂದೇ ಔಷಧಿಯನ್ನು ತಡೆಯುವವು ಮೊದಲ ಗುಳಿಗೆ ನುಂಗುವ ಮುಂಚೆಯೇ ಅಲ್ಲಿ ಕೂತಿರುತ್ತವೆ. ಆದರೆ ಎರಡನ್ನೂ ಒಟ್ಟಿಗೆ ತಡೆಯುವುದು ಬೇಕಾದರೆ 10 ಕೋಟಿಯನ್ನು 10 ಲಕ್ಷದಿಂದ ಗುಣಿಸಬೇಕು. ಅಷ್ಟು ರೋಗಾಣು ಯಾರ ಎದೆಯಲ್ಲೂ ಇರುವುದಿಲ್ಲ. ಈಗ ಸರ್ಕಾರದವರು ಕೊಡುವ ಟಿಬಿ ಗುಳಿಗೆಯಲ್ಲಿ ಮೊದಲ ಎರಡು ತಿಂಗಳು ನಾಲ್ಕು ಔಷಧಿ, ಆಮೇಲೆ ನಾಲ್ಕು ತಿಂಗಳು ಮೂರು ಔಷಧಿ ಒಂದೇ ಗುಳಿಗೆಯಲ್ಲಿ ಸೇರಿರುತ್ತದೆ. ಒಂದನ್ನು ತಗೊಂಡು ಇನ್ನೊಂದನ್ನು ಬಿಡಲು ರೋಗಿಗೆ ಸಾಧ್ಯವೇ ಇಲ್ಲದ ಹಾಗೆ. ನೀವು ಕೇಳಿದ ಪ್ರಯೋಜನ ಆ ಗುಳಿಗೆಯಲ್ಲಿದೆ.

ನಮ್ಮ ಕಡೆಯ ಹೋಟೆಲ್ ಹುಡುಗರ ವಿಷಯ ಬಂದರೆ ನನಗೆ ಹೊಟ್ಟೆ ಉರಿಯುತ್ತದೆ. ಇಲ್ಲಿ ಹೋಟೆಲ್ ಕೆಲಸದವರು ಒಂದೇ ಕೋಣೆಯಲ್ಲಿ ಹತ್ತಾರು ಜನ ಮಲಗುವುದುಂಟು. ಗಾಳಿ ಆಡುವುದಿಲ್ಲ. ಒಬ್ಬನಿಗೆ ಕೆಮ್ಮು ಬಂದರೆ ಸುತ್ತಲಿನವರಿಗೂ ಅಪಾಯ. ಪರಿಚಯದ ಒಬ್ಬ ಹುಡುಗ ಎರಡು ತಿಂಗಳು ಗುಳಿಗೆ ತಗೊಂಡು ‘ಅಣ್ಣಾ, ಈಗ ಕೆಮ್ಮಿಲ್ಲ, ತೂಕ ಬಂದಿದೆ, ಮೂತ್ರ ಕೇಸರಿ ಬಣ್ಣ ಆಗುತ್ತೆ, ಹೆದರಿಕೆ ಆಗುತ್ತೆ, ಇನ್ನು ಬಿಡ್ಲಾ?’ ಎಂದು ಕೇಳಿದ. ಮೂತ್ರದ ಬಣ್ಣ ರಿಫಾಂಪಿಸಿನ್‌ನಿಂದ, ಅದಕ್ಕೆ ಹೆದರಬೇಡ ಎಂದೆ. ಆಮೇಲೆ ಕೂರಿಸಿಕೊಂಡು ಹೇಳಿದೆ: ‘ಸುಲಭದಲ್ಲಿ ಸಾಯುವವು ಸತ್ತಿವೆ ತಮ್ಮಾ. ಗಟ್ಟಿಯವು ಉಳಿದಿವೆ. ಈಗ ಬಿಟ್ಟರೆ ಮುಂದೆ ಅವುಗಳದ್ದೇ ರಾಜ್ಯ.’ ಡಾರ್ವಿನ್ ಹೆಸರು ಎತ್ತಲಿಲ್ಲ. ಆದರೆ ಹೇಳಿದ್ದು ಅದೇ ಪಾಠ. ಅವನು ಆರು ತಿಂಗಳು ಮುಗಿಸಿದ. ಶಾಲೆಯಲ್ಲಿ ಇದನ್ನು ಸರಿಯಾಗಿ ಕಲಿತಿದ್ದರೆ ನಾನು ಹೇಳಬೇಕಾಗಿಯೇ ಇರಲಿಲ್ಲ, ಅಲ್ವಾ?

2012ರ ಜನವರಿಯಲ್ಲಿ ಇದೇ ಮುಂಬೈಯ ವೈದ್ಯರು ಪರೀಕ್ಷಿಸಿದ ಯಾವ ಔಷಧಿಗೂ ಬಗ್ಗದ ಟಿಬಿ ರೋಗಿಗಳ ಬಗ್ಗೆ ವರದಿ ಮಾಡಿದರು. ದೇಶವೇ ಬೆಚ್ಚಿತು. ತಪ್ಪು ಪ್ರಮಾಣ, ತಪ್ಪು ಔಷಧಿ, ಅರ್ಧಕ್ಕೆ ಬಿಟ್ಟ ಚಿಕಿತ್ಸೆ, ಇವೆಲ್ಲ ಒಂದೊಂದು ಹಂತದಲ್ಲಿ ಗಟ್ಟಿ ರೋಗಾಣುವನ್ನು ಆರಿಸುತ್ತಾ ಹೋದವು. ಪೆನಿಸಿಲಿನ್ ಕಂಡುಹಿಡಿದ ಫ್ಲೆಮಿಂಗ್ 1945ರ ನೊಬೆಲ್ ಭಾಷಣದಲ್ಲೇ ಕಡಿಮೆ ಪ್ರಮಾಣದಲ್ಲಿ ಔಷಧಿ ತೆಗೆದುಕೊಂಡರೆ ಹೀಗಾಗುತ್ತದೆ ಎಂದು ಎಚ್ಚರಿಸಿದ್ದರು.

ಬರೀ ಥಿಯರಿ ಎನ್ನುವ ಮಾತಿಗೆ ಬರುತ್ತೇನೆ. ರೋಗಾಣುವಿನಿಂದ ರೋಗ ಬರುತ್ತದೆ ಅನ್ನುವುದೂ ಥಿಯರಿಯೇ. ವಿಜ್ಞಾನದಲ್ಲಿ ಊಹೆಗೆ ಆ ಹೆಸರು ಕೊಡುವುದಿಲ್ಲ. ಮತ್ತೆ, 1859ರಲ್ಲಿ ಇದ್ದ ಹಾಗೆಯೇ ಈ ಸಿದ್ಧಾಂತ ಇವತ್ತೂ ಇದೆ ಎಂದು ತಿಳಿಯಬೇಡಿ. ಗುಣಗಳು ಮಕ್ಕಳಿಗೆ ಹೇಗೆ ಹೋಗುತ್ತವೆ ಎಂದು ಡಾರ್ವಿನ್‌ಗೆ ಗೊತ್ತಿರಲಿಲ್ಲ. ಅದಕ್ಕೆ ಅವರು ಕೊಟ್ಟ ವಿವರಣೆ ತಪ್ಪಾಗಿತ್ತು. ಮೆಂಡಲ್ 1866ರಲ್ಲೇ ಬಟಾಣಿಯ ಮೇಲಿನ ಕೆಲಸ ಅಚ್ಚು ಹಾಕಿಸಿದ್ದರೂ 1900ರವರೆಗೆ ಅದರ ಬೆಲೆ ಯಾರಿಗೂ ತಿಳಿಯಲಿಲ್ಲ. ಡಾರ್ವಿನ್ ಮತ್ತು ಮೆಂಡಲ್ ಇಬ್ಬರ ವಿಚಾರವನ್ನೂ ಗಣಿತದಿಂದ ಬೆಸೆದವರು ಫಿಶರ್, ರೈಟ್ ಮತ್ತು ಹಾಲ್ಡೇನ್ ಅನ್ನುವ ವಿಜ್ಞಾನಿಗಳು. ಈ ಹಾಲ್ಡೇನ್ 1957ರಲ್ಲಿ ಭಾರತಕ್ಕೇ ಬಂದು ನೆಲೆಸಿದರು, ಭುವನೇಶ್ವರದಲ್ಲಿ ತೀರಿಕೊಂಡರು.

ಡಾರ್ವಿನ್ನರ ಆ ಪುಸ್ತಕದಲ್ಲಿ ಇರುವುದು ಒಂದೇ ಒಂದು ಚಿತ್ರ. ಕವಲೊಡೆಯುತ್ತಾ ಹೋಗುವ ವಂಶವೃಕ್ಷ. ಕೋವಿಡ್ ಸಮಯದಲ್ಲಿ ಡೆಲ್ಟಾ, ಒಮಿಕ್ರಾನ್ ಎಂದು ಟಿವಿಯಲ್ಲಿ ತೋರಿಸುತ್ತಿದ್ದರಲ್ಲ, ಅವೆಲ್ಲ ಅಂಥದ್ದೇ ಮರದ ಕೊಂಬೆಗಳು. ವೈರಸ್‌ನ ಜೀನ್ ಅಕ್ಷರಗಳನ್ನು ಓದಿ, ಯಾವುದರಿಂದ ಯಾವುದು ಬಂತು ಎಂದು ಕೊಂಬೆ ಬಿಡಿಸಿ ನೋಡುತ್ತಿದ್ದರು. ನಿಮ್ಮ ಪುಣೆಯ ರಾಷ್ಟ್ರೀಯ ವೈರಾಣು ಸಂಸ್ಥೆಯೂ ಆ ಕೆಲಸದಲ್ಲಿತ್ತು.

ಇಲ್ಲಿನ ನೆಲದ ಒಂದು ವಿಷಯವೂ ಹೇಳಿಬಿಡುತ್ತೇನೆ, ಇದು ಮುಂಬೈಯವರಿಗೇ ಗೊತ್ತಿಲ್ಲ. ವರ್ಲಿಯಲ್ಲಿ ಲಾವಾ ಪದರಗಳ ನಡುವಿನ ಕಲ್ಲಿನಲ್ಲಿ ಪುಟ್ಟ ಕಪ್ಪೆಗಳ ಪಳೆಯುಳಿಕೆ ಸಿಕ್ಕಿತ್ತು, ಸುಮಾರು 6.5 ಕೋಟಿ ವರ್ಷ ಹಳೆಯದು. 1847ರಲ್ಲಿ ಅದನ್ನು ವರ್ಣಿಸಿ ಹೆಸರಿಟ್ಟವರು ಲಂಡನ್ನಿನ ರಿಚರ್ಡ್ ಓವೆನ್. ಮುಂದೆ ಡಾರ್ವಿನ್ನರನ್ನು ಬಲವಾಗಿ ವಿರೋಧಿಸಿದವರೂ ಇದೇ ಓವೆನ್. ಪಳೆಯುಳಿಕೆ ಕಣ್ಣಮುಂದೆ ಇದ್ದರೂ ಅದು ಹೇಳುವ ಕಥೆಯ ಬಗ್ಗೆ ಇಷ್ಟು ದೊಡ್ಡ ಪಂಡಿತರು ಬಡಿದಾಡಿದ್ದಾರೆ.

ಈ ಸಿದ್ಧಾಂತದ ಹೆಸರಿನಲ್ಲಿ ಅನ್ಯಾಯವೂ ಆಗಿದೆ. ಅದನ್ನು ಮುಚ್ಚಿಡಬಾರದು. ಡಾರ್ವಿನ್ನರ ಸಂಬಂಧಿ ಗಾಲ್ಟನ್ ಒಳ್ಳೆಯ ತಳಿಯ ಮನುಷ್ಯರನ್ನು ಬೆಳೆಸಬೇಕು ಎಂದು ಹೊರಟರು. ಆ ದಾರಿಯಲ್ಲಿ ಅಮೆರಿಕದಲ್ಲಿ ಸಾವಿರಾರು ಜನಕ್ಕೆ ಬಲವಂತದ ಸಂತಾನಹರಣ ಮಾಡಿದರು, 1927ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಅದಕ್ಕೆ ಒಪ್ಪಿಗೆ ಕೊಟ್ಟಿತು. ಹಿಟ್ಲರನ ಜರ್ಮನಿಯಲ್ಲಿ ಏನಾಯಿತು ಎಂದು ನಿಮಗೆ ಗೊತ್ತು. ನಿಸರ್ಗದಲ್ಲಿ ಏನು ನಡೆಯುತ್ತದೆ ಎಂದು ತಿಳಿಯುವುದು ಬೇರೆ, ಮನುಷ್ಯರು ಹಾಗೆ ನಡೆದುಕೊಳ್ಳಬೇಕು ಅನ್ನುವುದು ಬೇರೆ. ಬಲವಿಲ್ಲದವನು ಸಾಯಲಿ ಅನ್ನುವುದಾದರೆ ನನ್ನ ಲ್ಯಾಬ್ ಯಾಕೆ ಬೇಕು? ಇತ್ತ ಸೋವಿಯತ್ ರಷ್ಯಾದಲ್ಲಿ ಲೈಸೆಂಕೊ ಅನ್ನುವ ಕೃಷಿ ತಜ್ಞನ ಮಾತು ಕೇಳಿ 1948ರಲ್ಲಿ ಮೆಂಡಲ್ ತಳಿಶಾಸ್ತ್ರವನ್ನೇ ಅಧಿಕೃತವಾಗಿ ತಳ್ಳಿಹಾಕಿದರು. ಅದಕ್ಕೂ ಮುಂಚೆ, 1943ರಲ್ಲಿ, ಜಗತ್ತಿನ ಬೀಜಗಳನ್ನೆಲ್ಲ ಕೂಡಿಟ್ಟ ತಳಿವಿಜ್ಞಾನಿ ವಾವಿಲೋವ್ ಜೈಲಿನಲ್ಲೇ ಸತ್ತರು.

ನಿಮ್ಮ ಮಾವನವರ ದಶಾವತಾರದ ಮಾತನ್ನು ನಾನು ಹಗುರವಾಗಿ ತೆಗೆದುಕೊಳ್ಳುವುದಿಲ್ಲ. ಯಕ್ಷಗಾನ ನೋಡಿಕೊಂಡು ಬೆಳೆದವನು ನಾನು. ಮೀನು, ಆಮೆ, ಹಂದಿ, ನರಸಿಂಹ, ವಾಮನ ಎಂದು ಸಾಲಾಗಿ ಕೇಳಿದರೆ ಯಾರಿಗಾದರೂ ಆ ಹೋಲಿಕೆ ಹೊಳೆಯುತ್ತದೆ. ಆದರೆ ಅಲ್ಲಿ ದೇವರು ಧರ್ಮ ಕಾಯಲು ಬೇರೆ ಬೇರೆ ರೂಪದಲ್ಲಿ ಬರುತ್ತಾನೆ. ಮೀನಿನ ವಂಶದಲ್ಲಿ ಆಮೆ ಹುಟ್ಟಿತು ಎಂದು ಆ ಕಥೆ ಹೇಳುವುದಿಲ್ಲ. ಭಕ್ತಿಗೆ ಅದರ ಜಾಗ ಇದೆ, ಅವರು ಅದನ್ನು ಬಿಡಬೇಕಾಗಿಲ್ಲ. ನಾಲ್ಕು ಔಷಧಿಯನ್ನು ಯಾಕೆ ಒಟ್ಟಿಗೆ ಕೊಡಬೇಕು ಅನ್ನುವ ಲೆಕ್ಕ ಮಾತ್ರ ಅಲ್ಲಿ ಸಿಗುವುದಿಲ್ಲ.

ಇನ್ನು ಪುಸ್ತಕದ ವಿಷಯ. ಸಿಬಿಎಸ್‌ಇ ಶಾಲೆಗಳಿಗೆ ಪುಸ್ತಕ ಬರೆಸುವ ಎನ್‌ಸಿಇಆರ್‌ಟಿಯ 10ನೇ ತರಗತಿಯ ಪಾಠದ ಹೆಸರು ಮುಂಚೆ ‘ಅನುವಂಶೀಯತೆ ಮತ್ತು ವಿಕಾಸ’ ಎಂದಿತ್ತು. 2023ರ ಪುಸ್ತಕದಲ್ಲಿ ಅನುವಂಶೀಯತೆ ಮಾತ್ರ ಉಳಿಯಿತು. ಆಗ 1,800ಕ್ಕೂ ಹೆಚ್ಚು ವಿಜ್ಞಾನಿಗಳು, ಶಿಕ್ಷಕರು ಸಹಿ ಹಾಕಿ ವಿರೋಧಿಸಿದರು. 12ರ ಜೀವಶಾಸ್ತ್ರದಲ್ಲಿ ವಿಕಾಸದ ಪಾಠ ಇದೆ ನಿಜ, ಆದರೆ 10 ಆದ ಮೇಲೆ ಕಾಮರ್ಸ್, ಆರ್ಟ್ಸ್ ಹಿಡಿಯುವ ಮಕ್ಕಳು ಅದನ್ನು ನೋಡುವುದೇ ಇಲ್ಲ. ಗುಳಿಗೆ ನುಂಗುವುದು ಮಾತ್ರ ಎಲ್ಲರೂ.

ಪುಣೆಯಲ್ಲೇ ಇದ್ದೀರಲ್ಲ, ಒಂದು ಕೆಲಸ ಮಾಡಿ. ಬಾಲಭಾರತಿ ಹೊರತಂದ ಮಹಾರಾಷ್ಟ್ರ ಬೋರ್ಡಿನ 10ನೇ ತರಗತಿಯ ವಿಜ್ಞಾನ ಭಾಗ 2 ತಗೊಳ್ಳಿ. ಮೊದಲ ಪಾಠವೇ ಇದು. ಅಕ್ಕಪಕ್ಕದ ಮನೆಯ ಮಕ್ಕಳ ಹತ್ತಿರ ಹಳೆಯ ಪ್ರತಿ ಇದ್ದರೂ ಸಾಕು. ಮಗಳ ಜೊತೆ ನೀವೂ ಕೂತು ಓದಿ. ಅವಳಿಗೆ ಮಖಮಲ್ ಪ್ರಯೋಗವನ್ನು ಚಿತ್ರ ಬರೆದು ತೋರಿಸಿ. ಅರ್ಥ ಆಗದಿದ್ದರೆ ಇಲ್ಲೇ ಕೇಳಿ, ಬಿಡಿಸಿ ಹೇಳುತ್ತೇನೆ.