ಆ ಷಡ್ಡಕನ ಪಾತ್ರ ಮಾಡಿದವರು ಯಾರು?

ಪ್ರಶ್ನೆ: 1965ರ 'ದಿ ಶಾಪ್ ಆನ್ ಮೇನ್ ಸ್ಟ್ರೀಟ್' ನೋಡ್ದೆ ಸರ್. ಬಡಗಿ ಟೋನೋಗೆ ಯಹೂದಿ ಅಜ್ಜಿ ಅಂಗಡಿ ಕೊಡಿಸೋ ಆ ದಪ್ಪ ಷಡ್ಡಕ ಯಾರು? ಎಲ್ರೂ ಹೀರೋ ಬಗ್ಗೇನೇ ಬರೀತಾರೆ.

ಉತ್ತರ: ಒಳ್ಳೆ ಪ್ರಶ್ನೆ ಕೇಳಿದ್ರಿ. ಅವರು ಫ್ರಾಂಟಿಶೆಕ್ ಜ್ವಾರೀಕ್, ಸ್ಲೋವಾಕ್ ನಟ, 1921ರಲ್ಲಿ ವ್ರೂಟ್ಕಿ ಅನ್ನೋ ಊರಲ್ಲಿ ಹುಟ್ಟಿದೋರು, 2008ರಲ್ಲಿ ತೀರಿಕೊಂಡ್ರು. ಮೂಲತಃ ನಾಟಕದವರು, ಬ್ರಾಟಿಸ್ಲಾವಾದ ನ್ಯಾಷನಲ್ ಥಿಯೇಟರ್ ನಟ. ಆಗಿನ ಕಮ್ಯುನಿಸ್ಟ್ ಚೆಕೊಸ್ಲೊವಾಕಿಯಾದಲ್ಲಿ ಸ್ಟುಡಿಯೋ, ಥಿಯೇಟರ್ ಎಲ್ಲಾ ಸರ್ಕಾರದ್ದೇ, ಪೋಷಕ ನಟರಿಗೆ ರಂಗಭೂಮಿನೇ ಮನೆ ಇದ್ದಂಗೆ, ಸಿನಿಮಾ ಅದರ ಜೊತೆಗೆ ನಡೀತಿತ್ತು.

ಆ ಊಟದ ಸೀನ್ ಇನ್ನೊಂದ್ಸಲ ನೋಡಿ. ಊಟ, ಎಣ್ಣೆ ಎಲ್ಲಾ ಹೊತ್ಕೊಂಡು ಹೆಂಡ್ತಿ ಜೊತೆ ಬರ್ತಾನೆ ಕೋಲ್ಕೋಟ್ಸ್ಕಿ, ಅಂದ್ರೆ ಆ ಷಡ್ಡಕ, ಎರಡನೇ ಮಹಾಯುದ್ಧದ ಕಾಲದ ಫ್ಯಾಸಿಸ್ಟ್ ಗಾರ್ಡ್‌ನ ಲೋಕಲ್ ಕಮಾಂಡರ್, ನಗ್ತಾನೆ, ಕುಡಿಸ್ತಾನೆ, ಆಮೇಲೆ ಯಹೂದಿ ಅಜ್ಜಿಯಿಂದ ಕಿತ್ಕೊಂಡ ಅಂಗಡಿಯ ಕಾಗದ ಕೈಗಿಡ್ತಾನೆ. ಎಲ್ಲೂ ವಿಲನ್ ಥರ ಗುಡುಗಲ್ಲ, ಸಂಬಂಧಿಕನ ಪ್ರೀತಿ ತೋರಿಸ್ಕೊಂಡೇ ಟೋನೋನ ಪಾಪದಲ್ಲಿ ಪಾಲುದಾರ ಮಾಡ್ಕೋತಾನೆ, ನಂಗಂತೂ ಅದಕ್ಕೇ ಅವನನ್ನ ಕಂಡ್ರೆ ಮೈ ಜುಮ್ ಅನ್ನುತ್ತೆ. ಜ್ವಾರೀಕ್ ಅಷ್ಟು ಸಲೀಸಾಗಿ ಮಾಡದಿದ್ರೆ ಟೋನೋ ಯಾಕೆ ಒಪ್ಕೊಂಡ ಅಂತ ನಾವು ನಂಬ್ತಾನೇ ಇರ್ಲಿಲ್ಲ.

ಟೋನೋ ಆಗಿದ್ದ ಯೋಜೆಫ್ ಕ್ರೋನರ್, ಅಜ್ಜಿಯಾಗಿದ್ದ ಇದಾ ಕಾಮಿನ್ಸ್ಕಾ ಇಬ್ರಿಗೂ ಕಾನ್ ಚಿತ್ರೋತ್ಸವದಲ್ಲಿ ವಿಶೇಷ ಮನ್ನಣೆ ಸಿಕ್ತು, ಸಿನಿಮಾಗೆ ಆಸ್ಕರ್ ಬಂತು, ಕಾಮಿನ್ಸ್ಕಾಗೆ ಆಸ್ಕರ್ ನಾಮಿನೇಷನ್ನೂ ಆಯ್ತು. ಅವರಿಗೆ ಬಂದ ಹೆಸರು ನ್ಯಾಯವಾದದ್ದೇ. ಆದ್ರೆ ಜ್ವಾರೀಕ್‌ಗೂ ಅದ್ರಲ್ಲಿ ಪಾಲಿದೆ. ಶೂಟಿಂಗ್ ನಡೆದ ಸಾಬಿನೋವ್ ಪೂರ್ವ ಸ್ಲೋವಾಕಿಯಾದಲ್ಲಿದೆ, ಮತ್ತೆ ನೋಡುವಾಗ ಆ ಊರ ಚೌಕದಲ್ಲಿ ಫ್ಯಾಸಿಸ್ಟರು ಕಟ್ತಿರೋ ಮರದ ಗೋಪುರದ ಹತ್ರ ಜ್ವಾರೀಕ್ ಹೆಂಗೆ ನಡೀತಾರೆ ಗಮನಿಸಿ.