ವೃತ್ತಿಪರರ ಲೀಗ್ ಎನ್‌ಬಿಎ ಇರುವಾಗ ಅಮೆರಿಕದ ಕಾಲೇಜು ಬಾಸ್ಕೆಟ್‌ಬಾಲ್ ಯಾಕೆ ನೋಡಬೇಕು? ನೋಡಲೇಬೇಕಾದ ಒಂದೇ ಒಂದು ಸೀಸನ್ ಹೇಳಿ ಅಂದರೆ ಯಾವುದು?

ಯೂನಿವರ್ಸಿಟಿ ಆಫ್ ವರ್ಜೀನಿಯಾದ ಪುರುಷರ ತಂಡ, 2018–19. ಒಂದೇ ಕೇಳಿದ್ದೀರಿ, ಒಂದೇ ಹೇಳಿದ್ದೇನೆ. ಆದರೆ ನೋಡುವುದನ್ನು ಅದರ ಹಿಂದಿನ ವರ್ಷದ ಕೊನೆಯ ಪಂದ್ಯದಿಂದ ಶುರು ಮಾಡಿ. ಅದನ್ನು ಬಿಟ್ಟರೆ ಒಗ್ಗರಣೆ ಇಲ್ಲದ ಸಾರು.

ಎನ್‌ಬಿಎ ಪ್ಲೇಆಫ್‌ನಲ್ಲಿ ಒಂದು ಸುತ್ತು ದಾಟಲು ಏಳರಲ್ಲಿ ನಾಲ್ಕು ಪಂದ್ಯ ಗೆಲ್ಲಬೇಕು. ಇವತ್ತು ಆಟ ಕೈಕೊಟ್ಟರೆ ನಾಡಿದ್ದು ಸರಿಮಾಡಿಕೊಳ್ಳಬಹುದು. ಕಾಲೇಜಿನವರಿಗೆ ಆ ಭಾಗ್ಯ ಇಲ್ಲ. ಮಾರ್ಚ್‌ನಲ್ಲಿ 68 ತಂಡಗಳ ಟೂರ್ನಿ, ಸೋತವರು ಅವತ್ತೇ ಮನೆಗೆ. ನಾಲ್ಕು ವಿಭಾಗ, ಒಂದೊಂದರಲ್ಲೂ 1ರಿಂದ 16ರವರೆಗೆ ಶ್ರೇಯಾಂಕ. ಮೊದಲ ಸುತ್ತಿನಲ್ಲಿ 1ನೆಯವರ ಎದುರು 16ನೆಯವರು. 1985ರಲ್ಲಿ ಟೂರ್ನಿ 64 ತಂಡಗಳಿಗೆ ಬೆಳೆದ ಮೇಲೆ ಇಂಥ 135 ಪಂದ್ಯ ನಡೆದಿದ್ದವು. 135ರಲ್ಲೂ 1ನೆಯವರೇ ಗೆದ್ದಿದ್ದರು. ಆ ಪಂದ್ಯಗಳನ್ನು ಯಾರೂ ಗಮನವಿಟ್ಟು ನೋಡುತ್ತಲೂ ಇರಲಿಲ್ಲ.

2018ರ ಮಾರ್ಚ್ 16, ಷಾರ್ಲಟ್ ನಗರ. ಇಡೀ ಟೂರ್ನಿಯ ಮೊದಲ ಶ್ರೇಯಾಂಕ ವರ್ಜೀನಿಯಾದ್ದು. ಅಲ್ಲಿಯವರೆಗೆ 31 ಗೆದ್ದು 2 ಸೋತ ತಂಡ. ಎದುರಿಗೆ ಯುಎಂಬಿಸಿ, ಬಾಲ್ಟಿಮೋರ್ ಪಕ್ಕದ ಒಂದು ವಿಶ್ವವಿದ್ಯಾಲಯ, ಅದುವರೆಗೆ ಚೆಸ್ ತಂಡಕ್ಕೆ ಹೆಸರಾಗಿತ್ತು. ಅರ್ಧ ಆಟಕ್ಕೆ 21–21. ಮುಗಿದಾಗ 74–54. ಗೆದ್ದದ್ದು ಯುಎಂಬಿಸಿ, ಅದೂ 20 ಪಾಯಿಂಟ್‌ಗಳಿಂದ! ಕೊನೇ ಗಳಿಗೆಯ ಅದೃಷ್ಟ ಅನ್ನಲೂ ಜಾಗ ಇರಲಿಲ್ಲ.

ನಾನಾಗ ಪ್ರಾಜೆಕ್ಟ್ ಮೇಲೆ ವರ್ಜೀನಿಯಾ ರಾಜ್ಯದ ಉತ್ತರ ತುದಿಯಲ್ಲಿ, ವಾಷಿಂಗ್ಟನ್ ಪಕ್ಕ ಇದ್ದೆ. ವಿಶ್ವವಿದ್ಯಾಲಯ ಇರುವ ಷಾರ್ಲಟ್ಸ್‌ವಿಲ್ ಅಲ್ಲಿಂದ ಕಾರಿನಲ್ಲಿ ಎರಡು–ಎರಡೂವರೆ ಗಂಟೆ ದಾರಿ. ಆಫೀಸಿನಲ್ಲಿ ಅಲ್ಲೇ ಓದಿದ ಒಬ್ಬ ಇದ್ದ. ಸೋಮವಾರ ಅವನ ಮೇಜಿನ ಮೇಲಿದ್ದ, ವಿಶ್ವವಿದ್ಯಾಲಯದ ಬಣ್ಣಗಳ ಕಿತ್ತಳೆ–ನೀಲಿ ಮಗ್ ಕಾಣಲಿಲ್ಲ. ಯಾರೂ ಕೇಳಲೂ ಇಲ್ಲ. ಸಾವಿನ ಮನೆಗೆ ಹೋದವರ ಹಾಗೆ ಸುಮ್ನೆ ಕಾಫಿ ಕುಡಿದು ಎದ್ದೆವು.

ಯಾಕೆ ಸೋತರು? ಹಂಟರ್ ಎಂಬ ಒಳ್ಳೆಯ ಆಟಗಾರ ಮಣಿಕಟ್ಟು ಮುರಿದುಕೊಂಡು ಹೊರಗಿದ್ದ. ಯುಎಂಬಿಸಿಯವರು ದೂರದಿಂದ ಎಸೆದ 24ರಲ್ಲಿ 12 ಒಳಗೆ ಬಿದ್ದವು. ಆದರೆ ಎಲ್ಲರೂ ಬೈದದ್ದು ಕೋಚ್ ಟೋನಿ ಬೆನೆಟ್ ಆಡಿಸುವ ರೀತಿಯನ್ನು.

ಆ ರೀತಿಯ ಹೆಸರು ಪ್ಯಾಕ್ ಲೈನ್. ಕಟ್ಟಿದ್ದು ಟೋನಿಯ ಅಪ್ಪ ಡಿಕ್ ಬೆನೆಟ್, ಅವರೂ ಕೋಚ್. ಬಾಲ್ ಇರುವವನ ಮೇಲೆ ಒಬ್ಬ ಮಾತ್ರ ಒತ್ತಡ ಹಾಕುತ್ತಾನೆ. ಉಳಿದ ನಾಲ್ವರು ಮೂರು ಪಾಯಿಂಟ್ ಗೆರೆಗಿಂತ (ಅದರ ಹೊರಗಿನಿಂದ ಹಾಕಿದರೆ ಎರಡರ ಬದಲು ಮೂರು ಪಾಯಿಂಟ್) ಒಂದೆರಡು ಅಡಿ ಒಳಗೆ ಒಂದು ಗೆರೆ ಇದೆ ಅಂದುಕೊಂಡು ಅದರೊಳಗೆ ಗುಂಪಾಗಿ ನಿಲ್ಲುತ್ತಾರೆ. ರಿಂಗ್ ಕಡೆ ನುಗ್ಗಲು ಸಂದೇ ಇರುವುದಿಲ್ಲ. ಬಾಲ್ ತಮ್ಮ ಕೈಗೆ ಬಂದಾಗಲೂ ಅವಸರ ಇಲ್ಲ. ಎನ್‌ಬಿಎಯಲ್ಲಿ 24 ಸೆಕೆಂಡಿನಲ್ಲಿ ಎಸೆಯಬೇಕು, ಕಾಲೇಜಿನಲ್ಲಿ 30. ಆ ಮೂವತ್ತನ್ನೂ ಕೊನೇ ಹನಿವರೆಗೆ ಹಿಂಡುವುದು ಬೆನೆಟ್ ಕಾಲದ ವರ್ಜೀನಿಯಾದ ಪದ್ಧತಿಯಾಗಿತ್ತು. ನಿಜ ಹೇಳಬೇಕೆಂದರೆ ನೋಡಲು ಬೋರು. ನಾನೇ ಎಷ್ಟೋ ಸಲ ನಿದ್ದೆ ಹೋಗಿದ್ದೇನೆ.

ಇದರಲ್ಲಿ ಒಂದು ಅಪಾಯ ಇದೆ. 50 ಓವರ್ ಪಂದ್ಯದಲ್ಲಿ ದೊಡ್ಡ ತಂಡವನ್ನು ಸೋಲಿಸುವುದು ಸಣ್ಣ ತಂಡಕ್ಕೆ ಕಷ್ಟ. ಮಳೆ ಬಂದು ಐದು ಓವರ್‌ಗೆ ಇಳಿದರೆ? ಯಾರು ಬೇಕಾದರೂ ಗೆಲ್ಲಬಹುದು. ನಿಧಾನದ ಆಟದಲ್ಲಿ ಇಬ್ಬರಿಗೂ ಸಿಗುವ ಅವಕಾಶಗಳೇ ಕಡಿಮೆ. ಬಲಾಢ್ಯ ತಂಡ ತಾನಾಗಿಯೇ ಪಂದ್ಯವನ್ನು ಐದು ಓವರ್‌ಗೆ ಇಳಿಸಿಕೊಂಡ ಹಾಗೆ. ಮುಂದಿನ ವರ್ಷ ಬೆನೆಟ್ ಆಕ್ರಮಣದಲ್ಲಿ ಅಲ್ಲಿಲ್ಲಿ ತಿದ್ದಿದರು. ರಕ್ಷಣೆಯ ರೀತಿ ಅದೇ, ನಿಧಾನವೂ ಅದೇ. ನನಗೆ ಈ ಸೀಸನ್ ಇಷ್ಟವಾಗುವುದು ಇದಕ್ಕೇ. ‘ಸೋತರು, ಬದಲಾದರು, ಗೆದ್ದರು’ ಅಂತ ಟಿವಿಯವರು ಹೇಳುವ ಕಥೆ ಇದಲ್ಲ. ಬದಲಾಗಲಿಲ್ಲ. ಅದೇ ಅಪಾಯವನ್ನು ಹೆಗಲ ಮೇಲೆ ಹೊತ್ತುಕೊಂಡೇ ಮತ್ತೆ ಬಂದರು.

ಸೀಸನ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಡ್ಯೂಕ್ ವಿರುದ್ಧ ಎರಡು ಸಲ, ಫ್ಲೋರಿಡಾ ಸ್ಟೇಟ್ ವಿರುದ್ಧ ಒಂದು ಸಲ ಸೋತರು, ಉಳಿದ 29 ಗೆದ್ದರು. ಮತ್ತೆ 1ನೇ ಶ್ರೇಯಾಂಕ. ಅಂದರೆ ಮತ್ತೆ 16ನೆಯವರ ಜೊತೆ ಮೊದಲ ಪಂದ್ಯ! ಗಾರ್ಡ್ನರ್–ವೆಬ್ ಅನ್ನುವ ಸಣ್ಣ ವಿಶ್ವವಿದ್ಯಾಲಯ. ಮೊದಲರ್ಧದಲ್ಲಿ ವರ್ಜೀನಿಯಾ ಒಂದು ಹಂತದಲ್ಲಿ 14 ಪಾಯಿಂಟ್ ಹಿಂದೆ ಇತ್ತು. ಆ ಹೊತ್ತಿಗೆ ಹುಡುಗರ ಮುಖ ನೋಡಿ, ಅದನ್ನು ನೋಡಲಿಕ್ಕಾದರೂ ಈ ಪಂದ್ಯ ಹಾಕಿ. ಕೊನೆಗೆ 71–56ರಲ್ಲಿ ಗೆದ್ದರು. ಆಮೇಲೆ ಒಕ್ಲಹೋಮ. ಆಮೇಲೆ ಒರೆಗಾನ್ ವಿರುದ್ಧ 53–49. ಹೌದು, 40 ನಿಮಿಷದ ಆಟದಲ್ಲಿ ಅಷ್ಟೇ ಪಾಯಿಂಟ್.

ಮಾರ್ಚ್ 30, ಲೂಯಿವಿಲ್, ಎದುರಿಗೆ ಪರ್ಡ್ಯೂ. ಅವರ ಕಾರ್ಸೆನ್ ಎಡ್ವರ್ಡ್ಸ್ ಅವತ್ತು 42 ಪಾಯಿಂಟ್ ಹೊಡೆದ, ಅದರಲ್ಲಿ ಹತ್ತು ಮೂರು–ಪಾಯಿಂಟ್. ಮೈಮೇಲೆ ದೇವರು ಬಂದವನ ಹಾಗೆ ಆಡಿದ. ಕೊನೆಗೆ ಐದಾರು ಸೆಕೆಂಡ್ ಉಳಿದಿದೆ, ವರ್ಜೀನಿಯಾ ಮೂರು ಪಾಯಿಂಟ್ ಹಿಂದೆ. ಅವರ ಟೈ ಜೆರೋಮ್‌ಗೆ ಎರಡು ಫ್ರೀ ಥ್ರೋ, ಅಂದರೆ ಫೌಲ್ ಆದದ್ದಕ್ಕೆ ಯಾರೂ ತಡೆಯದ ಎಸೆತ, ಒಂದಕ್ಕೆ ಒಂದು ಪಾಯಿಂಟ್. ಮೊದಲನೆಯದು ಬಿತ್ತು, ಎರಡನೆಯದು ತಪ್ಪಿತು. ರಿಂಗಿಗೆ ಬಡಿದು ಬಂದ ಬಾಲನ್ನು ವರ್ಜೀನಿಯಾದವನೇ ಆದ ಮಮಾಡಿ ಡಿಯಾಕಿಟೆ ಹಿಂದಕ್ಕೆ ತಟ್ಟಿದ. ಅದು ಅಂಕಣದ ಇನ್ನೊಂದು ಅರ್ಧಕ್ಕೇ ಹೋಯಿತು. ಮೊದಲ ವರ್ಷದ ಹುಡುಗ ಕಿಹೇ ಕ್ಲಾರ್ಕ್ ಅದರ ಹಿಂದೆ ಓಡಿದ. ಇದನ್ನು ಅಲ್ಲಿಗೇ ನಿಲ್ಲಿಸುತ್ತೇನೆ, ಕೊನೆಗೆ ಮತ್ತೆ ಬರುತ್ತೇನೆ. ಡಿಯಾಕಿಟೆ ಎಸೆದದ್ದು ಆಟ ಮುಗಿಯುವ ಗಂಟೆಯ ಸದ್ದಿನ ಜೊತೆಗೇ ಬಿತ್ತು, 70–70. ಸಮ ಆದ್ದರಿಂದ ಹೆಚ್ಚುವರಿ ಆಟ, ಓವರ್‌ಟೈಮ್. ಅದರಲ್ಲಿ ವರ್ಜೀನಿಯಾ ಗೆದ್ದಿತು, 80–75.

ಸೆಮಿಫೈನಲ್ ಏಪ್ರಿಲ್ 6, ಶನಿವಾರ, ಮಿನಿಯಾಪೊಲಿಸ್‌ನಲ್ಲಿ. ಅವತ್ತು ಯುಗಾದಿ. ಸ್ನೇಹಿತರ ಮನೆಯಲ್ಲಿ ಹೋಳಿಗೆ ಊಟ, ಇಂಡಿಯನ್ ಅಂಗಡಿಯ ಒಣಗಿದ ಬೇವಿನ ಹೂವಿಗೆ ಬೆಲ್ಲ. ಸಂಜೆ ಟಿವಿ ಮ್ಯೂಟ್‌ನಲ್ಲಿ ಇಡುವ ಷರತ್ತಿನ ಮೇಲೆ ಪಂದ್ಯ ಹಾಕಿಕೊಂಡೆವು. ಎದುರಾಳಿ ಆಬರ್ನ್. ಐದು ನಿಮಿಷ ಉಳಿದಾಗ ವರ್ಜೀನಿಯಾ ಹತ್ತು ಪಾಯಿಂಟ್ ಮುಂದೆ. ನಾನು ಎದ್ದು ಹೋಗಿ ಇನ್ನೊಂದು ಹೋಳಿಗೆ ಹಾಕಿಕೊಂಡು ಬರುವಷ್ಟರಲ್ಲಿ ಆಬರ್ನ್ ಒಂದೇ ಸಮನೆ 14 ಹೊಡೆದು ಮುಂದೆ ಹೋಗಿತ್ತು. ಕೊನೆಯ ಕ್ಷಣ, ಆಬರ್ನ್ 62, ವರ್ಜೀನಿಯಾ 60. ಮೂಲೆಯಿಂದ ಎಸೆಯಲು ಹಾರಿದ ವರ್ಜೀನಿಯಾದ ಕೈಲ್ ಗೈಗೆ ಆಬರ್ನ್‌ನವನೊಬ್ಬ ಡಿಕ್ಕಿ ಹೊಡೆದ. ಫೌಲ್, ಮೂರು ಫ್ರೀ ಥ್ರೋ, ಉಳಿದದ್ದು 0.6 ಸೆಕೆಂಡ್. ಗೈ ಜೆರ್ಸಿ ಎತ್ತಿ ಮುಖ ಮುಚ್ಚಿಕೊಂಡ. ಊರಿಂದ ಬಂದಿದ್ದ ಸ್ನೇಹಿತನ ಅಮ್ಮ “ಪಾಪ, ಆ ಮಗು ಯಾಕೋ ಅಳ್ತಿದೆ?” ಅಂದರು. ಅಳುತ್ತಿರಲಿಲ್ಲ ಆಂಟಿ, ಲೆಕ್ಕ ಹಾಕುತ್ತಿದ್ದ. ಯುಎಂಬಿಸಿ ಸೋಲಿನ ದಿನದ ತನ್ನದೇ ಫೋಟೋವನ್ನು ಫೋನಿನ ಪರದೆಗೆ ಹಾಕಿಕೊಂಡು ವರ್ಷವಿಡೀ ತಿರುಗಿದ ಹುಡುಗ ಅವನು. ಮೂರೂ ಹಾಕಿದ. 63–62.

ಇಲ್ಲಿ ಒಂದು ತಕರಾರು ಇದೆ, ಮುಚ್ಚಿಡುವುದಿಲ್ಲ. ಅದಕ್ಕೆ ಕೆಲವೇ ಸೆಕೆಂಡ್ ಮೊದಲು ಜೆರೋಮ್ ಡಬಲ್ ಡ್ರಿಬಲ್ ಮಾಡಿದ್ದ, ಅಂದರೆ ಪುಟಿಸುವುದನ್ನು ನಿಲ್ಲಿಸಿ ಬಾಲ್ ಹಿಡಿದು ಮತ್ತೆ ಪುಟಿಸಿದ್ದ. ರೆಫರಿ ಊದಲಿಲ್ಲ. ಊದಿದ್ದರೆ ಬಾಲ್ ಆಬರ್ನ್‌ಗೆ, ಪಂದ್ಯವೂ ಬಹುತೇಕ ಅವರಿಗೇ. ನಮ್ಮ ಕಾಲೇಜಿನ ದಿನಗಳಲ್ಲಿ, ಸಿಮೆಂಟ್ ಅಂಕಣದ ಮೇಲೆ, ಇದೇ ತಪ್ಪಿಗೆ ನನಗೆ ಊದಿದ್ದರು. ಹದಿನೈದು ವರ್ಷ ಆದರೂ ಆ ಸೀಟಿ ಕಿವಿಯಲ್ಲಿದೆ. ಹಾಗಾಗಿ ಆಬರ್ನ್‌ನವರು ಇವತ್ತಿಗೂ ಗೊಣಗಿದರೆ ನಾನು ಅವರ ಪರ.

ಫೈನಲ್ ಏಪ್ರಿಲ್ 8ರಂದು, ಟೆಕ್ಸಸ್ ಟೆಕ್ ವಿರುದ್ಧ. ಹಿಂದಿನ ವರ್ಷ ಮಣಿಕಟ್ಟು ಮುರಿದು ಕೂತಿದ್ದ ಡಿಆಂಡ್ರೆ ಹಂಟರ್ ಅವತ್ತು 27 ಹೊಡೆದ. ಹನ್ನೆರಡು ಸೆಕೆಂಡ್ ಚಿಲ್ಲರೆ ಉಳಿದಿದ್ದಾಗ ಮೂಲೆಯಿಂದ ಸ್ಕೋರ್ ಸಮ ಮಾಡಿದ್ದೂ ಅವನೇ. ಓವರ್‌ಟೈಮ್ ಮುಗಿದಾಗ 85–77. ವಿಶ್ವವಿದ್ಯಾಲಯ ಶುರುವಾಗಿ ಇನ್ನೂರು ವರ್ಷ ತುಂಬಿದ ವರ್ಷ ಬಾಸ್ಕೆಟ್‌ಬಾಲ್‌ನಲ್ಲಿ ಮೊದಲ ಕಿರೀಟ. ಮಗ್ ಮರುದಿನ ಮೇಜಿನ ಮೇಲೆ ಬಂದಿತ್ತು.

ಕಾಲೇಜು ಆಟ ಯಾಕೆ ಅಂತ ಕೇಳಿದಿರಲ್ಲ, ಅದಕ್ಕೆ ಪರ್ಡ್ಯೂ ಪಂದ್ಯದ ಆ ಕೊನೆ ಸೆಕೆಂಡುಗಳೇ ನನ್ನ ಉತ್ತರ. ಯೂಟ್ಯೂಬ್‌ನಲ್ಲಿ ಸಿಗುತ್ತದೆ. ಎಲ್ಲರೂ ಡಿಯಾಕಿಟೆಯ ಎಸೆತ ನೋಡುತ್ತಾರೆ. ನೀವು ಕ್ಲಾರ್ಕ್‌ನನ್ನು ನೋಡಿ. ಐದೂಮುಕ್ಕಾಲು ಅಡಿ ಹುಡುಗ. ದೂರದಲ್ಲಿ ಬಾಲ್ ಹಿಡಿದು ತಿರುಗುತ್ತಾನೆ. ತಂಡದ ದೊಡ್ಡ ಶೂಟರ್ ಜೆರೋಮ್ ಹತ್ತಿರದಲ್ಲೇ ಇದ್ದಾನೆ, ಬಾಲ್ ಕೊಡು ಅಂತ ಕೇಳುತ್ತಿದ್ದಾನೆ. ಇವನು ಕೊಡುವುದಿಲ್ಲ. ಅರ್ಧ ಅಂಕಣ ದಾಟಿಸಿ, ರಿಂಗ್ ಹತ್ತಿರ ನಿಂತ ಡಿಯಾಕಿಟೆಗೆ ನೇರ ಒಂದೇ ಎಸೆತ. ಸೀನಿಯರ್ ಕೂಗುತ್ತಿರುವಾಗ ನಾನಾಗಿದ್ದರೆ ಕಣ್ಣು ಮುಚ್ಚಿ ಸೀನಿಯರ್‌ಗೇ ಕೊಟ್ಟುಬಿಡುತ್ತಿದ್ದೆ.